ದಣಿದ ಸಾವಿನ ಮುಖ: 1921ರ ಮೂಕಿ ಚಿತ್ರದ ಬ್ಲೂ-ರೇ

ಫ್ರಿಟ್ಸ್ ಲಾಂಗ್ 1921ರಲ್ಲಿ ತೆಗೆದ ಜರ್ಮನ್ ಮೂಕಿ ಚಿತ್ರ 'ಡೆರ್ ಮ್ಯೂಡೆ ಟೋಡ್'. ದಣಿದ ಸಾವು ಅಂತ ಅರ್ಥ. 2016ರಲ್ಲಿ ಸರಿಪಡಿಸಿ ತಂದ ಪ್ರತಿಯನ್ನು ಭಾನುವಾರ ಅಮ್ಮನ ಜೊತೆ ಕೂತು ನೋಡಿದೆ. ಅಮ್ಮನಿಗೆ ಇಂಗ್ಲಿಷ್ ಬರಲ್ಲ. ನಡುವೆ ಬರುವ ಬರಹಗಳನ್ನು ನಾನು ಕನ್ನಡದಲ್ಲಿ ಹೇಳುತ್ತಾ ಹೋದೆ. ಅರ್ಧ ಗಂಟೆ ಆದಮೇಲೆ "ಸುಮ್ನಿರು, ನಂಗೆ ತಿಳೀತಿದೆ" ಅಂದರು.

ಸಾವು ಇಲ್ಲಿ ಊರೂರು ಅಲೆಯುವ ಗಂಡಸು. ಸಣ್ಣ ಊರೊಂದಕ್ಕೆ ಬಂದು, ಸ್ಮಶಾನದ ಪಕ್ಕದ ಜಾಗವನ್ನು 99 ವರ್ಷಕ್ಕೆ ಹಿಡಿದು, ಬಾಗಿಲೇ ಇಲ್ಲದ ಗೋಡೆ ಕಟ್ಟಿಸುತ್ತಾನೆ. ಮದುವೆಯಾಗಬೇಕಿದ್ದ ಹುಡುಗನನ್ನು ಕರೆದೊಯ್ಯುತ್ತಾನೆ. ಹುಡುಗಿ ಬೆನ್ನು ಬಿಡಲ್ಲ. ನಮ್ಮ ಸಾವಿತ್ರಿ ನೆನಪಾಗುತ್ತಾಳೆ ಅಲ್ವಾ? ಆದರೆ ಈ ಯಮನಿಗೆ ತನ್ನ ಕೆಲಸವೇ ಸಾಕಾಗಿದೆ. ಅವಳು ಗೆದ್ದರೆ ಅವನಿಗೇ ಜಾಸ್ತಿ ಸಮಾಧಾನ.

ಗೋಡೆಯ ಒಳಗೆ ಕತ್ತಲು. ಉದ್ದುದ್ದ ಮೇಣದಬತ್ತಿಗಳು, ಒಂದೊಂದೂ ಒಂದು ಜೀವ. ಅವನು ಒಂದು ದೀಪದ ಕುಡಿಯನ್ನು ಮೆಲ್ಲಗೆ ಕೈಯಲ್ಲಿ ಎತ್ತಿಕೊಳ್ಳುತ್ತಾನೆ. ಅದು ಮಗುವಾಗುತ್ತದೆ. ಮರುಕ್ಷಣ ಕೈ ಖಾಲಿ. ಅತ್ತ ಎಲ್ಲೋ ತಾಯಿಯೊಬ್ಬಳು ಅಳುತ್ತಾಳೆ. ಸಾವಿನ ಪಾತ್ರ ಮಾಡಿದ ಬೆರ್ನ್‌ಹಾರ್ಡ್ ಗೆಟ್ಸ್ಕೆಯ ಒಣಗಿದ ಮುಖದಲ್ಲಿ ಕ್ರೌರ್ಯವೇ ಇಲ್ಲ. ಆ ಕೈ ಕೆಳಗಿಳಿಯುವುದನ್ನು ನಾನು ಎರಡು ಸಲ ಹಿಂದಕ್ಕೆ ಹಾಕಿ ನೋಡಿದೆ.

ಸಾವು ಹುಡುಗಿಗೆ ಒಂದು ಅವಕಾಶ ಕೊಡುತ್ತಾನೆ: ಆರಲಿರುವ ಮೂರು ದೀಪಗಳಲ್ಲಿ ಒಂದನ್ನು ಉಳಿಸಿದರೂ ಹುಡುಗ ಅವಳಿಗೆ ಸಿಗುತ್ತಾನೆ. ಹಾಗೆ ಮೂರು ಉಪಕಥೆ: ಖಲೀಫನ ಊರು, ವೆನಿಸ್, ಚೀನಾ. ಚೀನಾದ ಭಾಗ ಎಳೆದಾಡುತ್ತದೆ. ಯುರೋಪಿನ ನಟರಿಗೆ ಚೀನೀಯರ ವೇಷ ಹಾಕಿದ್ದು ಇವತ್ತು ನೋಡಲು ಕಷ್ಟ. ಹಾರುವ ಚಾಪೆ, ಪುಟ್ಟ ಸೈನ್ಯ ಮಾತ್ರ ಈಗಲೂ ಬೆರಗು.

ಕಪ್ಪು-ಬಿಳುಪು ದೃಶ್ಯಗಳಿಗೆ ಆಗ ಬಣ್ಣ ಹಾಕಿದ್ದ ಪ್ರತಿ ಒಂದೂ ಉಳಿದಿಲ್ಲವಂತೆ. ಆ ಕಾಲದ ರೂಢಿ ನೋಡಿಕೊಂಡು ಮತ್ತೆ ಬಣ್ಣ ಕೊಟ್ಟಿದ್ದಾರೆ. ಕಣ್ಣಿಗೆ ಹಿತವಾಗಿದೆ. ಅಂದಹಾಗೆ, ಲಾಂಗ್ ಜೊತೆ ಚಿತ್ರಕಥೆ ಬರೆದ ಥೇಯಾ ಫೋನ್ ಹಾರ್ಬೌ ಮುಂದೆ ಬೆಳಗಾವಿ ಕಡೆಯ ಪತ್ರಕರ್ತ ಅಯಿ ತೆಂಡೂಲ್ಕರ್ ಅವರನ್ನು ಮದುವೆಯಾದರು. ಇದು ಗೊತ್ತಾದಾಗ ಚಿತ್ರ ನನಗೆ ಇನ್ನೂ ಹತ್ತಿರವಾಯಿತು.

ಕೊನೆಯಲ್ಲಿ ಹುಡುಗಿ ಮುದುಕರ ಹತ್ತಿರ ಹೋಗಿ, ನಿಮ್ಮ ಉಳಿದ ಆಯಸ್ಸು ಕೊಡಿ ಅಂತ ಬೇಡುತ್ತಾಳೆ. ಒಂದು ದಿನವೂ ಇಲ್ಲ, ಒಂದು ಗಂಟೆಯೂ ಇಲ್ಲ, ಒಂದು ಉಸಿರೂ ಇಲ್ಲ ಅನ್ನುತ್ತಾರೆ. ಅಮ್ಮ ಮೆಲ್ಲಗೆ, "ಯಾರು ಕೊಡ್ತಾರೆ ಹೇಳು" ಅಂದರು.

ಬ್ಲೂ-ರೇ ಡಿಸ್ಕ್ ತರಿಸುವವರು ರೀಜನ್ ನೋಡಿಕೊಳ್ಳಿ; ಒಂದು ರೀಜನ್ನಿನ ಡಿಸ್ಕ್ ಬೇರೆ ರೀಜನ್ನಿನ ಪ್ಲೇಯರ್‌ನಲ್ಲಿ ಓಡದೇ ಇರಬಹುದು. ಅಮೆರಿಕದ್ದು ಎ, ಯುರೋಪಿನದ್ದು ಬಿ, ನಮ್ಮ ದೇಶದ್ದು ಸಿ. ಫೋನಿನಲ್ಲಂತೂ ನೋಡಬೇಡಿ. ಆ ಗೋಡೆ ಪರದೆ ತುಂಬಾ ನಿಲ್ಲಬೇಕು, ಬುಡದಲ್ಲಿ ಹುಡುಗಿ ಇರುವೆಯಷ್ಟೇ ಕಾಣಬೇಕು.