ಕೋಲಾರದ ಕೆಜಿ ಲೆಕ್ಕದ ಲಾಂಡ್ರಿ: ಐದು ತಿಂಗಳು ಬಟ್ಟೆ ಕೊಟ್ಟ ಮೇಲೆ

ನಾನು ಕೋಲಾರದಲ್ಲಿ ಬ್ಲೌಸ್ ಹೊಲಿಯುವವಳು. ಹದಿನಾರು ವರ್ಷದಿಂದ ಇದೇ ಕೆಲಸ. ಮನೆಯ ಮುಂದಿನ ಕೋಣೆಯಲ್ಲೇ ಎರಡು ಹೊಲಿಗೆ ಮಷಿನ್, ಒಂದು ಓವರ್‌ಲಾಕ್. ಬಟ್ಟೆ ಒಗೆಯುವುದು ನನಗೆ ಬರೀ ಮನೆಗೆಲಸ ಅಲ್ಲ, ಹೊಲಿಗೆ ಶುರುವಾಗುವುದೇ ಅಲ್ಲಿಂದ. ಲೈನಿಂಗ್ ಬಟ್ಟೆಯನ್ನು ರಾತ್ರಿ ನೆನೆಸಿ, ಬಣ್ಣ ಬಿಡುತ್ತಾ ನೋಡಿ, ಒಣಗಿಸಿ, ಇಸ್ತ್ರಿ ಮಾಡಿದ ಮೇಲೇ ಕತ್ತರಿ ಹಾಕಬೇಕು. ಇಲ್ಲದಿದ್ದರೆ ಮೊದಲ ಸಲ ಒಗೆದಾಗಲೇ ಲೈನಿಂಗ್ ಕುಗ್ಗಿ, ಮೇಲಿನ ಬಟ್ಟೆ ಸುಕ್ಕುಗಟ್ಟಿ ನಿಲ್ಲುತ್ತದೆ. ಸೀರೆಗೆ ಹಾಕುವ ಫಾಲ್ ಕೂಡ ಹಾಗೇ.

ಇಷ್ಟಕ್ಕೂ ನೀರು ಬೇಕು. ನಮ್ಮ ಬೀದಿಗೆ ನಲ್ಲಿ ನೀರು ಬರುವ ದಿನ ಯಾವುದು ಅಂತ ಹೇಳಲಾಗದು. ಬೇಸಿಗೆಯಲ್ಲಿ ಟ್ಯಾಂಕರ್‌ಗೆ 600 ರೂಪಾಯಿ ಕೊಟ್ಟು ಸಂಪು ತುಂಬಿಸಿಕೊಳ್ಳುತ್ತೇವೆ. ಹಾಗಾಗಿ ಐದು ತಿಂಗಳ ಹಿಂದೆ ನಮ್ಮ ಬಡಾವಣೆಯ ಮೇನ್ ರೋಡಿನಲ್ಲಿ ಕೆಜಿ ಲೆಕ್ಕದ ಲಾಂಡ್ರಿ ತೆರೆದಾಗ, ಒಂದು ಸಲ ನೋಡೇಬಿಡೋಣ ಅಂತ ಹೋದೆ. ಈಗ ಹದಿನೈದು ದಿನಕ್ಕೊಮ್ಮೆ ಕೊಡುತ್ತೇನೆ. ಅಂಗಡಿಯ ಹೆಸರು ಬರೆಯುವುದಿಲ್ಲ, ಯಾಕೆಂದರೆ ದೂರುಗಳೂ ಇವೆ. ಇನ್ನೊಂದು ವಿಷಯ ಮೊದಲೇ ಹೇಳಿಬಿಡುತ್ತೇನೆ. ಕಳೆದ ತಿಂಗಳು ಈ ಅಂಗಡಿಯವರು ನನ್ನಿಂದ ಇಪ್ಪತ್ತು ಬಟ್ಟೆ ಚೀಲ ಹೊಲಿಸಿಕೊಂಡಿದ್ದಾರೆ, ಅದರ ದುಡ್ಡು ಬಂದಿದೆ. ಅದನ್ನು ತಿಳಿದುಕೊಂಡೇ ಮುಂದೆ ಓದಿ.

ಒಳಗೆ ಮೂರು ಮಷಿನ್, ಎರಡು ಡ್ರೈಯರ್. ಎಲ್ಲವೂ ಮುಂದೆ ಬಾಗಿಲಿರುವ ದೊಡ್ಡ ಮಷಿನ್‌ಗಳು, ಒಂದೊಂದಕ್ಕೆ 15 ಕೆಜಿ ಹಿಡಿಯುತ್ತದೆ. ಒಗೆದು ಒಣಗಿಸಿ ಮಡಚಿ ಕೊಡುವುದಕ್ಕೆ ಕೆಜಿಗೆ 70 ರೂಪಾಯಿ. ಇಸ್ತ್ರಿ ಸೇರಿದರೆ 100. ಬೆಳಿಗ್ಗೆ ಕೊಟ್ಟರೆ ಮಾರನೇ ದಿನ ಸಂಜೆಗೆ ಸಿಗುತ್ತದೆ. ವಾಟ್ಸಾಪ್ ಮಾಡಿದರೆ ಹುಡುಗ ಗಾಡಿಯಲ್ಲಿ ಬಂದು ತೆಗೆದುಕೊಂಡು ಹೋಗುತ್ತಾನೆ, ಆದರೆ ಐದು ಕೆಜಿಗಿಂತ ಕಡಿಮೆ ಇದ್ದರೆ ಬರುವುದಿಲ್ಲ.

ನಾನು ಮೊದಲು ಕೇಳಿದ್ದು ಎಲ್ಲ ಹೆಂಗಸರೂ ಕೇಳುವ ಪ್ರಶ್ನೆಯೇ. "ಬೇರೆಯವರ ಬಟ್ಟೆ ಜೊತೆ ಹಾಕ್ತೀರಾ?"

"ಇಲ್ಲ ಅಕ್ಕ, ಒಬ್ಬೊಬ್ಬರದ್ದು ಬೇರೆ ಬೇರೆಯಾಗೇ ಹಾಕ್ತೀವಿ. ಇಲ್ಲಾಂದ್ರೆ ನಮ್ಮೂರಲ್ಲಿ ಯಾರೂ ಕೊಡಲ್ಲ" ಅಂದರು ಅಂಗಡಿಯವರು.

ಅದು ನಿಜ. ನಮ್ಮ ಕಡೆ ಒಗೆಯೋಕೆ ಅಂಗಡಿಗೆ ಕೊಡುವುದೇ ಹೊಸದು. ಒಳಬಟ್ಟೆ ಅಂತೂ ಕೊಡುವುದೇ ಇಲ್ಲ. ನಾನೂ ಕೊಡುವುದಿಲ್ಲ. ಇಲ್ಲಿ ಜಾಸ್ತಿ ಬರುವವರು ನರಸಾಪುರದ ಫ್ಯಾಕ್ಟರಿಗಳಿಗೆ ಶಿಫ್ಟ್‌ಗೆ ಹೋಗುವ ಹುಡುಗ ಹುಡುಗಿಯರು. ಪಿಜಿಯಲ್ಲಿ ಇರುತ್ತಾರೆ. ಒಗೆಯೋಕೆ ಜಾಗ ಇಲ್ಲ, ಒಣಗಿಸೋಕೆ ಟೆರೇಸ್ ಬೀಗ ತೆಗೆಯುವುದಿಲ್ಲ. ಭಾನುವಾರ ಬೆಳಿಗ್ಗೆ ಹೋದರೆ ಸಾಲಾಗಿ ಬ್ಯಾಗ್ ಹಿಡಿದು ನಿಂತಿರುತ್ತಾರೆ. ಅವರ ನಂತರ ಆಸ್ಪತ್ರೆ ಕೆಲಸದವರು. ನಮ್ಮಂಥ ಸಂಸಾರಸ್ಥರು ಈಗೀಗ ಶುರು ಮಾಡಿದ್ದೇವೆ, ಅದೂ ಬೆಡ್‌ಶೀಟು, ರಗ್ಗು, ಕರ್ಟನ್‌ನಿಂದ.

ಈಗ ನೀರಿನ ಲೆಕ್ಕಕ್ಕೆ ಬರುತ್ತೇನೆ. ನನಗೆ ಇದೇ ಮುಖ್ಯ.

ಒಂದು ಶನಿವಾರ ಮನೆಯಲ್ಲಿ ಏಳು ಕೆಜಿ ಬಟ್ಟೆ ಕೈಯಲ್ಲಿ ಒಗೆಯುತ್ತಾ ಬಕೆಟ್ ಎಣಿಸಿದೆ. ನೆನೆಸೋಕೆ, ಉಜ್ಜೋಕೆ, ಮೂರು ಸಲ ಜಾಲಿಸೋಕೆ ಸೇರಿ 18 ಲೀಟರ್‌ನ ಒಂಬತ್ತು ಬಕೆಟ್. ಅಂದರೆ 162 ಲೀಟರ್. ಲಾಂಡ್ರಿಯವರನ್ನು ಕೇಳಿದೆ, 15 ಕೆಜಿಯ ತುಂಬಿದ ಮಷಿನ್‌ಗೆ ಸುಮಾರು 160 ಲೀಟರ್ ಹೋಗುತ್ತದೆ ಅಂದರು. ಅದೇ ನೀರು, ಎರಡರಷ್ಟು ಬಟ್ಟೆ! ಮುಂದೆ ಬಾಗಿಲಿರುವ ಮಷಿನ್‌ನಲ್ಲಿ ಬಟ್ಟೆ ನೀರಿನಲ್ಲಿ ಮುಳುಗಿ ತೇಲುವುದಿಲ್ಲ, ಸ್ವಲ್ಪವೇ ನೀರಿನಲ್ಲಿ ಎದ್ದು ಬಿದ್ದು ಉರುಳುತ್ತದೆ. ಅದಕ್ಕೇ ಕಡಿಮೆ ಸಾಕು.

ಆದರೆ ಇಲ್ಲೊಂದು ತೊಡಕಿದೆ. ಒಬ್ಬೊಬ್ಬರದ್ದು ಬೇರೆ ಹಾಕಿದರೆ ಮಷಿನ್ ತುಂಬುವುದಿಲ್ಲ. ಅರ್ಧ ತುಂಬಿಸಿದ ಮಾತ್ರಕ್ಕೆ ಮಷಿನ್ ಅರ್ಧ ನೀರೇ ತೆಗೆದುಕೊಳ್ಳುವುದಿಲ್ಲ. ಮೂರು ಕೆಜಿ ಬಟ್ಟೆಗೆ ಒಂದು ಮಷಿನ್ ಓಡಿಸಿದರೆ ಮನೆಯ ಬಕೆಟ್ಟೇ ವಾಸಿ. ಅದಕ್ಕೆ ನಾನು ಮತ್ತು ಪಕ್ಕದ ಮನೆಯ ಅಕ್ಕ ಒಟ್ಟಿಗೆ ಕೊಡುತ್ತೇವೆ. ಅವರದ್ದು ಆರೇಳು ಕೆಜಿ, ನನ್ನದು ಏಳು. ಒಂದು ಮಷಿನ್ ಸರಿಯಾಗಿ ತುಂಬುತ್ತದೆ. ದುಡ್ಡು ಉಳಿಯುವುದಿಲ್ಲ, ನೀರು ಉಳಿಯುತ್ತದೆ.

ನಿಮ್ಮ ನೀರಲ್ಲ, ಅವರ ನೀರು, ನಿಮಗೇನು ಅಂತ ಕೇಳಬಹುದು. ನಮ್ಮ ಜಿಲ್ಲೆಯಲ್ಲಿ ವರ್ಷವಿಡೀ ಹರಿಯುವ ನದಿ ಇಲ್ಲ. ಕೆರೆ, ಬೋರ್‌ವೆಲ್ ಅಷ್ಟೇ. ನಾನು ಬೋರ್‌ನಿಂದ ಎತ್ತಿದರೂ ಅವರು ಎತ್ತಿದರೂ ಅದು ಒಂದೇ ನೆಲದ ನೀರು. ಇನ್ನು ಒಗೆದು ಚೆಲ್ಲಿದ ನೀರು ಎಲ್ಲಿಗೆ ಹೋಗುತ್ತದೆ ಅನ್ನೋದು ನಮಗೆ 2018ರಲ್ಲಿ ಚೆನ್ನಾಗಿ ಗೊತ್ತಾಯಿತು. ಆ ವರ್ಷ ಜೂನ್‌ನಲ್ಲಿ ಕೆ.ಸಿ. ವ್ಯಾಲಿ ಯೋಜನೆಯ ನೀರು, ಅಂದರೆ ಬೆಂಗಳೂರಿನ ಕೊಳಚೆ ನೀರನ್ನು ಸಂಸ್ಕರಿಸಿ ಕಳಿಸಿದ್ದು, ಲಕ್ಷ್ಮೀಸಾಗರ ಕೆರೆಗೆ ಬಂತು. ಎಷ್ಟೋ ವರ್ಷ ಒಣಗಿದ ಜಿಲ್ಲೆ. ನಾವೂ ಬಸ್ಸಿನಲ್ಲಿ ಹೋಗಿ ನೋಡಿ ಬಂದೆವು. ಕಣ್ಣು ತುಂಬಿ ಬಂದಿತ್ತು. ಮುಂದಿನ ತಿಂಗಳೇ ನೀರಿನ ಜೊತೆ ಬಿಳಿ ನೊರೆ ಬಂತು. ನೀರು ನಿಲ್ಲಿಸಿದರು, ವಿಷಯ ಕೋರ್ಟಿಗೂ ಹೋಯಿತು. ಬೆಳ್ಳಂದೂರು ಕೆರೆಯ ನೊರೆ ರಸ್ತೆಗೆ ಹಾರುವುದನ್ನು ಟಿವಿಯಲ್ಲಿ ನೋಡಿದ್ದೆವು. ಅದು ನಮ್ಮ ಕೆರೆಯಲ್ಲೂ ಕಾಣುತ್ತದೆ ಅಂತ ಅಂದುಕೊಂಡಿರಲಿಲ್ಲ. ಸೋಪಿನ ಪುಡಿಯಲ್ಲಿ ನೊರೆ ಬರಿಸುವ ಅಂಶ ಸಂಸ್ಕರಿಸುವಾಗ ಪೂರ್ತಿ ಒಡೆದು ಹೋಗದಿದ್ದರೆ, ನೀರು ಮೇಲಿಂದ ರಭಸವಾಗಿ ಬಿದ್ದ ಜಾಗದಲ್ಲಿ ಮತ್ತೆ ನೊರೆ ಏಳುತ್ತದೆ. ಯಾರದೋ ಬಚ್ಚಲಿನ ನೊರೆ ಇನ್ಯಾರದೋ ಕೆರೆಯಲ್ಲಿ. ಆ ಯೋಜನೆಯಿಂದ ಬೋರ್‌ಗಳಲ್ಲಿ ನೀರು ಮೇಲೆ ಬಂದಿದ್ದೂ ನಿಜ. ಆದರೆ ಆವತ್ತಿನಿಂದ ನಾನು ಸೋಪಿನ ಪುಡಿ ಅಳೆದು ಹಾಕುತ್ತೇನೆ.

ಕೋಲಾರದ ಬೋರ್ ನೀರಿಗೆ ಅಳೆದು ಹಾಕುವುದು ಸುಲಭ ಅಲ್ಲ. ಗಡಸು ನೀರು, ಸೋಪು ನೊರೆಯೇ ಬರುವುದಿಲ್ಲ, ಹಾಲು ಒಡೆದ ಹಾಗೆ ಆಗುತ್ತದೆ. ನೊರೆ ಬರಲಿ ಅಂತ ಇನ್ನೊಂದು ಹಿಡಿ, ಮತ್ತೊಂದು ಹಿಡಿ ಸುರಿಯುತ್ತೇವೆ. ಬಿಳಿ ಬಟ್ಟೆ ಬೂದಿ ಬಣ್ಣಕ್ಕೆ ತಿರುಗುತ್ತದೆ, ಟವೆಲ್ ಹಪ್ಪಳದ ಹಾಗೆ ಆಗುತ್ತದೆ. ಲಾಂಡ್ರಿಯಲ್ಲಿ ನೀರು ಮೆದು ಮಾಡುವ ಸಾಫ್ಟ್‌ನರ್ ಕೂರಿಸಿದ್ದಾರೆ. ಅದರಿಂದ ಪುಡಿ ಕಡಿಮೆ ಸಾಕು. ನನ್ನ ಬಿಳಿ ಕಾಟನ್ ಲೈನಿಂಗ್ ಅಲ್ಲಿ ಒಗೆಸಿದ ಮೇಲೆ ಮುಟ್ಟಿ ನೋಡಿದೆ, ಹೊಸ ಥಾನಿನಿಂದ ಕತ್ತರಿಸಿದ ಹಾಗೇ ಮೆತ್ತಗಿತ್ತು. ಬೆಳಕಿಗೆ ಹಿಡಿದರೆ ಬಿಳಿ ಕಲೆ ಒಂದೂ ಇಲ್ಲ. ಮನೆಯಲ್ಲಿ ಎಷ್ಟು ಜಾಲಿಸಿದರೂ ಇದು ನನ್ನಿಂದ ಆಗಿರಲಿಲ್ಲ.

ಹಿಂಬದಿಯಲ್ಲಿ ಉಪ್ಪಿನ ಮೂಟೆಗಳಿದ್ದವು. ಏನಕ್ಕೆ ಅಂತ ಕೇಳಿದೆ. ಸಾಫ್ಟ್‌ನರ್ ತೊಳೆಯೋಕೆ ಉಪ್ಪು ನೀರು ಬೇಕಂತೆ. ತೊಳೆದ ಉಪ್ಪು ನೀರು ಚರಂಡಿಗೆ ಹೋಗುತ್ತದೆ. ಇದು ನನಗೆ ಇಷ್ಟ ಆಗಲಿಲ್ಲ, ಹೇಳಿದೆ ಕೂಡ. ಕೊನೆಯ ಸಲ ಜಾಲಿಸಿದ ನೀರನ್ನಾದರೂ ಹಿಡಿದಿಟ್ಟು ಮುಂದಿನ ಬಟ್ಟೆಯನ್ನು ಮೊದಲು ನೆನೆಸೋಕೆ ಬಳಸಬಹುದಲ್ವಾ ಅಂತ ಕೇಳಿದೆ. ಟ್ಯಾಂಕ್ ಇಡೋಕೆ ಜಾಗ ಇಲ್ಲ, ಬಾಡಿಗೆ ಅಂಗಡಿ ಅಂದರು. ಜಾಗ ಇಲ್ಲದಿರುವುದು ನಿಜವೇ. ಆದರೂ ಇದು ಅವರು ಮಾಡಲೇಬೇಕಾದ ಕೆಲಸ.

ಡ್ರೈಯರ್ ಬಗ್ಗೆ ನನ್ನ ಅಭಿಪ್ರಾಯ ಗಟ್ಟಿಯಾಗಿದೆ. ಬ್ಲೌಸ್, ಕಾಟನ್ ಚೂಡಿದಾರ್ ಡ್ರೈಯರ್‌ಗೆ ಹಾಕಿಸಬೇಡಿ. ಡ್ರೈಯರ್‌ನ ಜಾಲರಿ ತೆಗೆದು ತೋರಿಸಿದರು. ಬೆರಳ ದಪ್ಪ ಬೂದು ಬಣ್ಣದ ಹತ್ತಿ, ಕಂಬಳಿ ತುಂಡಿನ ಹಾಗೆ. ಅದು ಎಲ್ಲಿಂದ ಬಂತು ಹೇಳಿ? ನಮ್ಮ ಬಟ್ಟೆಯಿಂದಲೇ. ಪ್ರತಿ ಸಲ ಬಟ್ಟೆ ಅಷ್ಟಷ್ಟು ತೆಳುವಾಗುತ್ತದೆ. ಇದಾದರೂ ಕಣ್ಣಿಗೆ ಕಾಣುತ್ತದೆ. ಮಷಿನ್‌ನ ನೀರಿನಲ್ಲಿ ಹೋಗುವುದು ಕಾಣುವುದಿಲ್ಲ. ಇಂಗ್ಲೆಂಡಿನ ಪ್ಲಿಮತ್ ವಿಶ್ವವಿದ್ಯಾಲಯದವರು 2016ರಲ್ಲಿ ಎಣಿಸಿ ನೋಡಿದ್ದಾರೆ. ಆರು ಕೆಜಿ ಅಕ್ರಿಲಿಕ್ ಬಟ್ಟೆ ಒಂದು ಸಲ ಒಗೆದರೆ 7 ಲಕ್ಷಕ್ಕೂ ಹೆಚ್ಚು ಸಣ್ಣ ಎಳೆ ನೀರಿಗೆ ಹೋಗಬಹುದಂತೆ. ಅವೆಲ್ಲ ಪ್ಲಾಸ್ಟಿಕ್ ಎಳೆ, ಕೊಳೆಯುವುದಿಲ್ಲ. ಈಗ ನನ್ನ ಹತ್ತಿರ ಹೊಲಿಸೋಕೆ ಬರುವ ಹತ್ತು ಬ್ಲೌಸ್‌ಪೀಸ್‌ನಲ್ಲಿ ಆರೇಳು ಪಾಲಿಯೆಸ್ಟರ್ರೇ. ಕಾಟನ್ ಲೈನಿಂಗ್ ಹಾಕಿ ಅಂತ ನಾನು ಹಟ ಮಾಡುವುದು ಬೆವರಿಗೆ ಮಾತ್ರ ಅಲ್ಲ.

ನಮ್ಮೂರಿನ ಬಿಸಿಲಿಗೆ ಡ್ರೈಯರ್ ಬೇಕೇ ಇಲ್ಲ. ನಾನು ಹಿಂಡಿದ ಬಟ್ಟೆಯನ್ನೇ ತಂದು ಮನೆಯ ಮೇಲೆ ಒಣಗಿಸುತ್ತೇನೆ. ಕೇಳಿದ್ದಕ್ಕೆ ಕೆಜಿಗೆ 15 ರೂಪಾಯಿ ಕಡಿಮೆ ಮಾಡಿದರು. ಬೋರ್ಡಿನಲ್ಲಿ ಈ ದರ ಇಲ್ಲ, ನೀವೂ ಕೇಳಿ.

ದೂರು ಇನ್ನೂ ಇದೆ. ಎರಡನೇ ತಿಂಗಳು ನನ್ನ ಗಿರಾಕಿಯೊಬ್ಬರ ರೇಷ್ಮೆ ಬ್ಲೌಸ್ ಡ್ರೈಕ್ಲೀನ್‌ಗೆ ಕೊಟ್ಟೆ. ವಾಪಸ್ ಬಂದಾಗ ಕುತ್ತಿಗೆ ಪಟ್ಟಿಯ ಮೇಲೆ ನಂಬರ್ ಚೀಟಿ, ಸ್ಟೇಪ್ಲರ್ ಪಿನ್ ಹೊಡೆದು ಸಿಕ್ಕಿಸಿದ್ದರು. ಪಿನ್ ಬಿಚ್ಚಿದೆ. ರೇಷ್ಮೆಯಲ್ಲಿ ಎರಡು ತೂತು, ಪಕ್ಕದಲ್ಲಿ ಒಂದು ಎಳೆ ಎದ್ದು ನಿಂತಿತ್ತು. ಸೂಜಿ ತೂತನ್ನು ರೇಷ್ಮೆ ಮರೆಯುವುದಿಲ್ಲ. ಎರಡು ದಿನ ನಿದ್ದೆ ಬರಲಿಲ್ಲ ನನಗೆ. ಕೊನೆಗೆ ಪಟ್ಟಿಯನ್ನೇ ಬಿಚ್ಚಿ ಹೊಸದು ಹಾಕಿ ಕೊಟ್ಟೆ, ನಡೆದದ್ದನ್ನೂ ಹೇಳಿದೆ.

ನಮ್ಮ ತಾಯಿ ಊರು ಮುಳಬಾಗಿಲು ಕಡೆ. ಅಲ್ಲಿ ನಾನು ಚಿಕ್ಕವಳಿದ್ದಾಗ ಮಡಿವಾಳರ ಅಜ್ಜಿ ಮನೆ ಮನೆಗೆ ಬಂದು ಬಟ್ಟೆ ಗಂಟು ಕಟ್ಟಿಕೊಂಡು ಹೋಗುತ್ತಿದ್ದರು. ಚೌಳು ಮಣ್ಣಿನಲ್ಲಿ ನೆನೆಸಿ, ಉಬ್ಬೆಗೆ ಹಾಕಿ, ಅಂದರೆ ಹಬೆಯಲ್ಲಿ ಬೇಯಿಸಿ, ಕೆರೆಯಲ್ಲಿ ಒಗೆದು ತರುತ್ತಿದ್ದರು. ಸುಗ್ಗಿಯಲ್ಲಿ ಕಣದಲ್ಲೇ ರಾಗಿ ಅಳೆದು ಕೊಡುತ್ತಿದ್ದರು ಅವರಿಗೆ. ಒಂದೊಂದು ಮನೆಗೆ ಒಂದೊಂದು ಗುರುತು. ಕರಿಗೇರಿನ ಕಾಯಿಯ ರಸದಲ್ಲಿ ಅಂಚಿನ ಒಳಗೆ ಚುಕ್ಕಿ ಇಡುತ್ತಿದ್ದರು. ನಮ್ಮದು ಮೂರು ಚುಕ್ಕಿ, ಒಂದು ಗೀಟು. ಬಟ್ಟೆ ಹರಿದರೂ ಗುರುತು ಅಳಿಯುತ್ತಿರಲಿಲ್ಲ, ಗುರುತಿನಿಂದ ಬಟ್ಟೆ ಹರಿಯುತ್ತಲೂ ಇರಲಿಲ್ಲ. ಪಿನ್ನಿನ ಬಗ್ಗೆ ಜಗಳ ಮಾಡುವಾಗ ಅಂಗಡಿಯವರಿಗೆ ಇದನ್ನೇ ಹೇಳಿದೆ. ದಾರದಲ್ಲಿ ಕಟ್ಟಿ, ಗುಂಡಿ ಕಾಜಿಗೆ ಅಥವಾ ಹುಕ್ಕಿನ ಕುಣಿಕೆಗೆ ಕಟ್ಟಿ, ಬಟ್ಟೆಗೆ ಚುಚ್ಚಬೇಡಿ ಅಂದೆ.

ಡ್ರೈಕ್ಲೀನ್ ಇಲ್ಲಿ ಮಾಡುವುದಿಲ್ಲ, ಬೆಂಗಳೂರಿಗೆ ಹೋಗಿ ಬರುತ್ತದೆ, ಆರು ದಿನ ಬೇಕು. ಡ್ರೈಕ್ಲೀನ್ ಅಂದರೆ ನೀರಿನ ಬದಲು ರಾಸಾಯನಿಕದಲ್ಲಿ ಒಗೆಯುವುದು. ಕೆಲವು ಕಡೆ ಅದಕ್ಕೆ ಪರ್ಕ್ಲೋರೋಎಥಿಲೀನ್ ಬಳಸುತ್ತಾರೆ. ಅದು ಕ್ಯಾನ್ಸರ್‌ಗೆ ಕಾರಣ ಆಗಬಹುದು ಅಂತ ಅಮೆರಿಕದಲ್ಲಿ 2024ರ ಡಿಸೆಂಬರ್‌ನಲ್ಲಿ, ಹತ್ತು ವರ್ಷದೊಳಗೆ ಡ್ರೈಕ್ಲೀನಿಂಗ್‌ನಿಂದ ಹಂತಹಂತವಾಗಿ ತೆಗೆದುಹಾಕುವ ನಿಯಮ ತಂದರು. ಬಟ್ಟೆ ಮುಟ್ಟುವ ನಮಗಿಂತ ಅಲ್ಲಿ ದಿನವಿಡೀ ಕೆಲಸ ಮಾಡುವವರಿಗೆ ಅಪಾಯ ಜಾಸ್ತಿ. ಏನು ಬಳಸುತ್ತಾರೆ ಅಂತ ನಾನು ಮೂರು ಸಲ ಕೇಳಿದೆ, ಅಂಗಡಿಯವರಿಗೆ ಉತ್ತರ ಗೊತ್ತಿರಲಿಲ್ಲ. ಅದಾದ ಮೇಲೆ ಡ್ರೈಕ್ಲೀನ್ ಕೊಡುವುದು ನಿಲ್ಲಿಸಿದ್ದೇನೆ. ರೇಷ್ಮೆ ಸೀರೆ ಉಟ್ಟ ಮೇಲೆ ನೆರಳಲ್ಲಿ ಗಾಳಿಗೆ ಹಾಕಿ, ಬಿಳಿ ಕಾಟನ್ ಬಟ್ಟೆಯಲ್ಲಿ ಸುತ್ತಿ ಬೀರುವಿನಲ್ಲಿ ಇಟ್ಟರೆ ವರ್ಷಗಟ್ಟಲೆ ಬಾಳುತ್ತದೆ. ಒಗೆಯಲೇಬೇಕಾದರೆ ಬಣ್ಣ ಬಿಡದ ಸೀರೆಗೆ ಅಂಟುವಾಳಕಾಯಿ ನೀರು.

ಈ ಅಂಗಡಿಯಲ್ಲಿ ಸೀರೆಗೆ ಮೊದಲೇ ನೆರಿಗೆ ಹಿಡಿದು, ಇಸ್ತ್ರಿ ಮಾಡಿ, ಪೆಟ್ಟಿಗೆಯ ಹಾಗೆ ಮಡಚಿ ಕೊಡುವುದೂ ಶುರುವಾಗಿದೆ. ಮದುವೆ ಸೀಸನ್‌ನಲ್ಲಿ ಒಗೆಯುವುದಕ್ಕಿಂತ ಇದಕ್ಕೇ ಜನ ಜಾಸ್ತಿ. ಕೆಲಸ ಅಚ್ಚುಕಟ್ಟು. ಬೇಕಾದವರು ಮಾಡಿಸಿ.

ಇಸ್ತ್ರಿ ಮಾತ್ರ ನಾನು ಇಲ್ಲಿ ಕೊಡುವುದಿಲ್ಲ. ನಮ್ಮ ಬೀದಿಯ ತಿರುವಿನಲ್ಲಿ ತಳ್ಳುಗಾಡಿ ಇಟ್ಟುಕೊಂಡಿರುವ ಅಣ್ಣ ಇದ್ದಾರೆ. ಅಂಗಿಗೆ ಹತ್ತು ರೂಪಾಯಿ. ಲಾಕ್‌ಡೌನ್‌ನಲ್ಲಿ ಇಸ್ತ್ರಿ ಬಟ್ಟೆ ಒಂದೂ ಬಾರದೆ ಅವರ ಪೆಟ್ಟಿಗೆ ಎರಡು ತಿಂಗಳು ತಣ್ಣಗಿತ್ತು. 2020ರ ಮೇನಲ್ಲಿ ಸರ್ಕಾರ ಅಗಸರಿಗೆ 5,000 ರೂಪಾಯಿ ಘೋಷಿಸಿದಾಗ ಅವರ ಅರ್ಜಿ ತುಂಬಿಕೊಟ್ಟವಳು ನಾನೇ. ಅವರ ಕೈಯ ಕಾಲರ್ ಮಡಿಕೆ ಲಾಂಡ್ರಿಯ ಸ್ಟೀಮ್ ಐರನ್‌ಗೆ ಬರುವುದಿಲ್ಲ. ಒಗೆತ ಇಲ್ಲಿ, ಇಸ್ತ್ರಿ ಅಲ್ಲಿ ಅಂತ ಹಂಚಿಕೊಂಡರೆ ಇಬ್ಬರಿಗೂ ಕೆಲಸ ಇರುತ್ತದೆ.

ದುಡ್ಡಿನ ಲೆಕ್ಕ ಹೇಳುವುದಾದರೆ, ಏಳು ಕೆಜಿಗೆ ಡ್ರೈಯರ್ ಇಲ್ಲದೆ 385 ರೂಪಾಯಿ ಆಗುತ್ತದೆ. ಅಷ್ಟು ಬಟ್ಟೆ ಕೈಯಲ್ಲಿ ಒಗೆಯುವ ಹೊತ್ತಿನಲ್ಲಿ ಒಂದು ಲೈನಿಂಗ್ ಬ್ಲೌಸ್ ಮುಗಿಸುತ್ತೇನೆ, ಅದಕ್ಕೆ 400 ತೆಗೆದುಕೊಳ್ಳುತ್ತೇನೆ. ಸಮಕ್ಕೆ ಸಮ. ಸೊಂಟ ನೋವು ತಪ್ಪಿತು.

ಚೀಲದ ಕಥೆ ಹೇಳಬೇಕು. ಮೊದಲೆಲ್ಲ ಪ್ರತಿ ಸಲ ಹೊಸ ಪ್ಲಾಸ್ಟಿಕ್ ಕವರ್‌ನಲ್ಲಿ ಕೊಡುತ್ತಿದ್ದರು. ನಮ್ಮ ರಾಜ್ಯದಲ್ಲಿ 2016ರಲ್ಲೇ ಪ್ಲಾಸ್ಟಿಕ್ ಚೀಲ ನಿಷೇಧ ಆಗಿದೆ. ನಾನು ಉಳಿದ ಲೈನಿಂಗ್ ತುಂಡು ಸೇರಿಸಿ ಎರಡು ಚೀಲ ಹೊಲಿದು, ಬಾಯಿಗೆ ದಾರ ಹಾಕಿ, ಮೂಲೆಯಲ್ಲಿ ಕೆಂಪು ದಾರದಲ್ಲಿ ಮೂರು ಚುಕ್ಕಿ ಒಂದು ಗೀಟು ಹಾಕಿದೆ. ಒಂದರಲ್ಲಿ ಕೊಡುವುದು, ಇನ್ನೊಂದರಲ್ಲಿ ತರುವುದು. ಅದನ್ನು ನೋಡಿಯೇ ಅವರು ಇಪ್ಪತ್ತು ಹೊಲಿಸಿಕೊಂಡರು. ತಿಂಗಳ ಗಿರಾಕಿಗಳಿಗೆ ಈಗ ಚೀಲದಲ್ಲೇ ಕೊಡುತ್ತಿದ್ದಾರೆ, ಉಳಿದವರಿಗೆ ಇನ್ನೂ ಕವರ್.

ನಂಬರ್ ಚೀಟಿಯನ್ನೂ ದಾರದಲ್ಲಿ ಕಟ್ಟೋಕೆ ಶುರು ಮಾಡಿದ್ದಾರೆ. ಹೋದ ಶನಿವಾರ ಮಾತ್ರ ನನ್ನ ಮಗಳ ಕುರ್ತಾದಲ್ಲಿ ಮತ್ತೆ ಒಂದು ಪಿನ್ ಸಿಕ್ಕಿತು. ಹೊಸ ಹುಡುಗ ಕೆಲಸಕ್ಕೆ ಸೇರಿದ್ದನಂತೆ. ವಾಪಸ್ ಹೋಗಿ ಕೌಂಟರ್ ಮೇಲೆ ಇಟ್ಟೆ. ಅಂಗಡಿಯವರು ಪಿನ್ ಬಿಚ್ಚಿ, ಆ ಹುಡುಗನನ್ನು ಕರೆದು, ಹುಕ್ಕಿನ ಕುಣಿಕೆಯಲ್ಲಿ ದಾರ ಹೇಗೆ ಕಟ್ಟಬೇಕು ಅಂತ ನನ್ನಿಂದಲೇ ಹೇಳಿಕೊಡಿಸಿದರು.