ಚುಟುಕೋ, ಕಥೆಯೋ? ಯಾವ ಜೋಕಿಗೆ ಜನ ನಗ್ತಾರೆ

ಚುಟುಕು ಜೋಕು, ಉದ್ದನೆಯ ಕಥೆಯಂಥ ಜೋಕು, ಪದಗಳ ಆಟ, ನಮ್ಮನ್ನೇ ನಾವು ಗೇಲಿ ಮಾಡಿಕೊಳ್ಳೋದು. ನಾಲ್ಕನ್ನೂ ಗೆಳೆಯರ ನಡುವೆ, ನೆಂಟರ ಮುಂದೆ, ಆಫೀಸಿನಲ್ಲಿ ಹೇಳಿ ನೋಡಿದ್ದೇನೆ. ನನ್ನ ಓಟು ಚುಟುಕಿಗೆ. ಆದರೆ ಹೇಳುವ ರೀತಿ ಸರಿ ಇರಬೇಕು.

ಒಂದು ಹಳೇ ಜೋಕು ತಗೊಳ್ಳಿ. 'ಫಿಲೊಗೆಲೋಸ್' ಅನ್ನುವ ಪ್ರಾಚೀನ ಗ್ರೀಕ್ ಸಂಗ್ರಹದಲ್ಲಿ 260ಕ್ಕೂ ಹೆಚ್ಚು ಜೋಕುಗಳಿವೆ, ಅದರಲ್ಲಿ ಇದೂ ಒಂದು. ಒಂದು ಗುಂಪಿಗೆ ಹೀಗೆ ಹೇಳಿದೆ: "ಬಾಯಿಬಡುಕ ಕ್ಷೌರಿಕನೊಬ್ಬ ಕೂದಲು ಹೇಗೆ ಕತ್ತರಿಸಲಿ ಅಂತ ಕೇಳಿದಾಗ, ಮಾತಾಡದೆ ಕತ್ತರಿಸು ಅಂತ ಗಿರಾಕಿ ಹೇಳಿದ." ಎಲ್ಲರೂ ಹೂಂ ಅಂದರು, ಅಷ್ಟೇ. ಇನ್ನೊಂದು ಗುಂಪಿಗೆ ಹೀಗೆ: "ಕ್ಷೌರಿಕ ಮಹಾ ಬಾಯಿಬಡುಕ. ಗಿರಾಕಿ ಬಂದು ಕೂತ. ಇವನು ಕೇಳಿದ, 'ಹೇಗೆ ಕತ್ತರಿಸಲಿ ಸಾರ್?' ಗಿರಾಕಿ ಹೇಳಿದ, 'ಮಾತಾಡದೆ.'" ನಕ್ಕರು.

ಜೋಕು ಅದೇ. ಆದರೆ ಮೊದಲನೆಯದಕ್ಕೆ 'ಅಂತ ಹೇಳಿದ' ಅನ್ನುವ ಬಾಲ ಇತ್ತು. ಕನ್ನಡದಲ್ಲಿ ಕ್ರಿಯಾಪದ ಕೊನೆಗೆ ಬರುತ್ತದಲ್ವಾ, ನಗಬೇಕಾದ ಹೊತ್ತಿನಲ್ಲಿ ಕೇಳುಗರು ವಾಕ್ಯ ಮುಗಿಯಲಿ ಅಂತ ಕಾಯುತ್ತಿರುತ್ತಾರೆ. ಅದಕ್ಕೇ 'ಹೇಳಿದ' ಮೊದಲು ಬರಲಿ, ನಗಿಸುವ ಮಾತು ಕೊನೆಗೆ. ನಡುವೆ ಒಂದು ಉಸಿರಿನಷ್ಟು ಬಿಡುವು ಕೊಡಿ. ಜಾಸ್ತಿ ನಿಂತರೆ ಯಾರೋ ಒಬ್ಬರು ತಾವೇ ಊಹಿಸಿ ಹೇಳಿಬಿಡ್ತಾರೆ.

ಉದ್ದನೆಯ ಜೋಕಿನ ರುಚಿಯೇ ಬೇರೆ, ಒಪ್ತೀನಿ. ಮೂವರು ಒಂದೇ ಕಡೆ ಹೋಗ್ತಾರೆ; ಮೊದಲಿಬ್ಬರು ಒಂದೇ ಥರ ನಡೆದುಕೊಳ್ತಾರೆ, ಮೂರನೆಯವನು ಅದನ್ನು ತಲೆಕೆಳಗು ಮಾಡ್ತಾನೆ. ಇದಕ್ಕೆ ದನಿ ಬದಲಿಸುವ ಕಲೆ ಬೇಕು. ಕೇಳುಗರಿಗೆ ಪುರುಸೊತ್ತೂ ಇರಬೇಕು. ಎರಡನೆಯವನ ಸರದಿಯಲ್ಲಿ ಯಾರದೋ ಫೋನು ಬಡಿದುಕೊಂಡರೆ ಕಥೆ ಮುಗಿದಂತೆಯೇ. "ಎಲ್ಲಿದ್ವಿ?" ಅಂತ ಮತ್ತೆ ಶುರು ಮಾಡಿದಾಗ ನಗುವವರು ಮರ್ಯಾದೆಗೆ ನಗ್ತಾರೆ.

ಪದಗಳ ಆಟಕ್ಕೆ ಒಂದು ಉದಾಹರಣೆ ಸಾಕು. "ಡಾಕ್ಟ್ರೇ, ಕಾಲು ನೋಯ್ತಿದೆ." "ಕಾಲು ತಾನೇ? ಇನ್ನೂ ಮುಕ್ಕಾಲು ಚೆನ್ನಾಗಿದೆಯಲ್ಲ!" ಇದಕ್ಕೆ ಬರುವ ಬಹುಮಾನ "ಅಯ್ಯೋ ಕರ್ಮ!" ನನಗೆ ಅದೂ ಇಷ್ಟವೇ. ಆದರೆ ಸಾಲಾಗಿ ಹೇಳ್ತಾ ಹೋದರೆ ಜನ ಎದ್ದು ಹೋಗ್ತಾರೆ.

ಹೊಸಬರ ನಡುವೆ ಮಾತ್ರ ನಮ್ಮ ಮೇಲೆ ನಾವೇ ಹೇಳಿಕೊಳ್ಳುವ ಜೋಕನ್ನು ಮೀರಿಸಿದ್ದು ಇನ್ನೊಂದಿಲ್ಲ. "ಬಾಗಿಲನ್ನು ತಳ್ಳಿದೆ, ತಳ್ಳಿದೆ, ತೆರೆಯಲೇ ಇಲ್ಲ. ನೋಡಿದರೆ ಮೇಲೆ 'ಎಳೆಯಿರಿ' ಅಂತ ಬರೆದಿದೆ. ಬರೆದವನು ನಾನೇ." ಯಾರಿಗೂ ನೋವಿಲ್ಲ. ಬೇರೆಯವರನ್ನು ಕಾಲೆಳೆಯುವ ಜೋಕು ಇದರ ಹತ್ತಿರವೂ ಬರೋದಿಲ್ಲ. ಎಲ್ಲರೂ ನಕ್ಕರೂ ಒಬ್ಬರು ನಗೋದಿಲ್ಲ. ಹಾಗಂತ ನಮ್ಮನ್ನೇ ಪದೇ ಪದೇ ಗೇಲಿ ಮಾಡಿಕೊಂಡರೆ ಜನ ನಗುವ ಬದಲು ಸಮಾಧಾನ ಹೇಳೋಕೆ ಬರ್ತಾರೆ.

ಹೇಳುವವರು ನಗಬೇಕಾ, ಮುಖ ಬಿಗಿಹಿಡಿಯಬೇಕಾ? ಅಮೆರಿಕದ ಮನಶ್ಶಾಸ್ತ್ರಜ್ಞ ರಾಬರ್ಟ್ ಪ್ರೊವೈನ್ ದಿನನಿತ್ಯದ ಮಾತುಕತೆಯಲ್ಲಿ ಬಂದ 1200 ನಗುಗಳನ್ನು ಗಮನಿಸಿದ್ದರು. ಕೇಳುವವರಿಗಿಂತ ಮಾತಾಡುವವರೇ ಜಾಸ್ತಿ ನಗ್ತಾರಂತೆ. ಮಾತುಕತೆಯ ಮಟ್ಟಿಗೆ ಅದು ಸಹಜ. ಚುಟುಕಿಗೆ ಮಾತ್ರ ಗಂಭೀರ ಮುಖವೇ ಸರಿ. ಮೊದಲೇ ನಕ್ಕರೆ ಗುಟ್ಟು ಬಿಟ್ಟುಕೊಟ್ಟ ಹಾಗೆ. ನಮ್ಮದೇ ಫಜೀತಿ ಹೇಳುವಾಗ ಜೊತೆಗೆ ನಗೋದು ಒಳ್ಳೇದು, ಇಲ್ಲದಿದ್ದರೆ ದೂರು ಹೇಳ್ತಿದ್ದಾರೇನೋ ಅನ್ನಿಸುತ್ತೆ.

ವಾಟ್ಸಾಪ್‌ನಲ್ಲಿ ಈ ಲೆಕ್ಕವೆಲ್ಲ ಬೇರೆ. ಅಲ್ಲಿ ಮುಖವೂ ಇಲ್ಲ, ದನಿಯೂ ಇಲ್ಲ, ಹಾಗಾಗಿ ಪದಗಳ ಆಟವೇ ಗೆಲ್ಲುತ್ತೆ. ಚುಟುಕು ಕಳಿಸುವುದಾದರೆ ಕೊನೆಯ ಮಾತನ್ನು ಬೇರೆ ಮೆಸೇಜಿನಲ್ಲಿ ಕಳಿಸಿ. ನಗುವ ಎಮೋಜಿಯನ್ನು ಅವರೇ ಹಾಕಲಿ.