ರೂಫಸ್ ವೇನ್‌ರೈಟ್‌ನ ‘ವಾಂಟ್ ಒನ್’, ‘ವಾಂಟ್ ಟು’: ಮುಚ್ಚಿಡದ ಪ್ರೀತಿಗೆ ಇಡೀ ಆರ್ಕೆಸ್ಟ್ರಾ

ಮೊದಲೇ ಹೇಳಿಬಿಡುತ್ತೇನೆ. ತಾನೇ ಹಾಡು ಬರೆದು ಹಾಡುವ ರೂಫಸ್ ವೇನ್‌ರೈಟ್‌ನ ಆಲ್ಬಂಗಳಲ್ಲಿ ಒಂದೇ ಒಂದು ಕೇಳುವಷ್ಟು ಪುರುಸೊತ್ತು ಇದ್ದರೆ ‘ವಾಂಟ್ ಒನ್’ ಕೇಳಿ. ಇನ್ನೊಂದಕ್ಕೂ ಸಮಯ ಇದ್ದರೆ ‘ವಾಂಟ್ ಟು’. ಮೊದಲನೆಯದು 2003ರ ಸೆಪ್ಟೆಂಬರ್‌ನಲ್ಲಿ ಬಂತು, ಎರಡನೆಯದು 2004ರ ನವೆಂಬರ್‌ನಲ್ಲಿ. ಎರಡಕ್ಕೂ ಮರಿಯಸ್ ಡಿ ವ್ರೀಸ್ ಅವರೇ ನಿರ್ಮಾಪಕರು, ಹೆಚ್ಚಿನ ಹಾಡುಗಳು ಒಂದೇ ಹುರುಪಿನಲ್ಲಿ ಹುಟ್ಟಿದವು. ಹಾಗಾಗಿ ಎರಡನ್ನೂ ಸೇರಿಸಿಯೇ ಬರೆಯುತ್ತಿದ್ದೇನೆ. ಇವನ ಹಾಡು ಬೇರೆ, ಬದುಕು ಬೇರೆ ಅಂತ ಬಿಡಿಸೋದು ಕಷ್ಟ, ಆದ್ದರಿಂದ ಹಿಂದುಮುಂದಿನ ಕಥೆಯೂ ಸ್ವಲ್ಪ ಬರುತ್ತದೆ.

ಇವನ ಹೆಸರು ಗೊತ್ತಿಲ್ಲದವರೂ ದನಿ ಕೇಳಿರುವ ಸಾಧ್ಯತೆ ಇದೆ. 2001ರ ‘ಶ್ರೆಕ್’ ಸಿನಿಮಾದ ‘ಹಾಲೆಲೂಯಾ’ ನೆನಪಿದೆಯಾ? ಸಿನಿಮಾದೊಳಗೆ ಕೇಳಿಸುವುದು ಜಾನ್ ಕೇಲ್ ದನಿ, ಆದರೆ ಹಾಡುಗಳ ಆಲ್ಬಂನಲ್ಲಿ ಇರುವುದು ರೂಫಸ್. ಹಾಡು ಲಿಯೊನಾರ್ಡ್ ಕೋಹೆನ್ ಅವರದ್ದು. ತುಂಬ ಜನ ರೂಫಸ್‌ನನ್ನು ಅಷ್ಟಕ್ಕೇ ನಿಲ್ಲಿಸಿಬಿಡುತ್ತಾರೆ, ಅದು ನನಗೆ ನಿಜಕ್ಕೂ ಬೇಜಾರಿನ ವಿಷಯ. ಯಾಕೆಂದರೆ ಅವನ ಶಕ್ತಿ ಇರುವುದು ಅವನೇ ಬರೆದ ಹಾಡುಗಳಲ್ಲಿ.

ಅವನ ಸಂಗೀತಕ್ಕೆ ಎಲ್ಲರೂ ಅಂಟಿಸುವ ಹೆಸರು ಬರೋಕ್ ಪಾಪ್. 1960ರ ದಶಕದಲ್ಲಿ ಬೀಟಲ್ಸ್, ಬೀಚ್ ಬಾಯ್ಸ್ ಮುಂತಾದವರು ಗಿಟಾರ್ ಮತ್ತು ಡ್ರಮ್ ಹಾಡಿನ ಒಳಗೆ ವಯಲಿನ್ ಗುಂಪು, ಹಾರ್ಪ್ಸಿಕಾರ್ಡ್, ಫ್ರೆಂಚ್ ಹಾರ್ನ್ ಎಲ್ಲ ತಂದರಲ್ಲ, ಅಲ್ಲಿಂದ ಬಂದ ಹೆಸರು ಅದು. ಇಳಯರಾಜ ಅವರ ಹಾಡು ಕೇಳಿ ಬೆಳೆದ ಕಿವಿಗೆ ಈ ವಾದ್ಯಗಳ ಮೇಳ ಹೊಸದೇನಲ್ಲ. ಆದರೆ ನನ್ನ ಪ್ರಕಾರ ರೂಫಸ್‌ಗೆ ಈ ಹೆಸರು ಅರ್ಧ ಮಾತ್ರ ಹೊಂದುತ್ತದೆ. ಅವನು ಹದಿಹರೆಯದಲ್ಲೇ ಇಟಲಿಯ ಸಂಗೀತಕಾರ ವರ್ದಿಯ ರಿಕ್ವಿಯಮ್ (ಸತ್ತವರಿಗಾಗಿ ಮಾಡುವ ಪ್ರಾರ್ಥನೆಯ ಸಂಗೀತ) ಕೇಳಿ ಒಪೆರಾ, ಅಂದರೆ ಹಾಡಿನಲ್ಲೇ ನಡೆಯುವ ನಾಟಕದ ಹುಚ್ಚು ಹಿಡಿಸಿಕೊಂಡವನು. ಬರೋಕ್ ಕಾಲದ ಸಂಗೀತಕಾರ ಬಾಖ್‌ನ ಅಚ್ಚುಕಟ್ಟಿಗಿಂತ ಹತ್ತೊಂಬತ್ತನೇ ಶತಮಾನದ ಒಪೆರಾದ ಅಳು, ಆರ್ಭಟ, ಸಾಯುವ ಮುಂಚೆ ಹತ್ತು ನಿಮಿಷ ಹಾಡುವ ನಾಯಕಿಯರು, ಇವೇ ಅವನಲ್ಲಿ ಜಾಸ್ತಿ.

ಹುಟ್ಟಿದ್ದು 1973ರಲ್ಲಿ, ನ್ಯೂಯಾರ್ಕ್ ರಾಜ್ಯದ ರೈನ್‌ಬೆಕ್‌ನಲ್ಲಿ. ಅಪ್ಪ ಲೌಡನ್ ವೇನ್‌ರೈಟ್, ಅಮ್ಮ ಕೇಟ್ ಮೆಕ್‌ಗ್ಯಾರಿಗಲ್, ಇಬ್ಬರೂ ಹೆಸರಾಂತ ಜಾನಪದ ಶೈಲಿಯ ಹಾಡುಗಾರರು. ಅವನು ಚಿಕ್ಕವನಿದ್ದಾಗಲೇ ಅವರಿಬ್ಬರೂ ಬೇರೆಯಾದರು. ರೂಫಸ್ ಮತ್ತು ತಂಗಿ ಮಾರ್ಥಾ ಅಮ್ಮನ ಜೊತೆ ಕೆನಡಾದ ಮಾಂಟ್ರಿಯಲ್‌ನಲ್ಲಿ ಬೆಳೆದರು. ಹದಿಮೂರಕ್ಕೆ ಅಮ್ಮ, ದೊಡ್ಡಮ್ಮನ ಜೊತೆ ವೇದಿಕೆ ಹತ್ತಿಯಾಗಿತ್ತು. ಅಪ್ಪನ ಕೈಯಿಂದ ಅವನ ಹಾಡಿನ ಟೇಪು ವ್ಯಾನ್ ಡೈಕ್ ಪಾರ್ಕ್ಸ್ ಅವರಿಗೆ ತಲುಪಿತು. ಇವರು ಬೀಚ್ ಬಾಯ್ಸ್‌ನ ಬ್ರಯಾನ್ ವಿಲ್ಸನ್ ಜೊತೆ ಕೂತು ಹಾಡು ಬರೆದವರು. ಅವರಿಂದ ಡ್ರೀಮ್‌ವರ್ಕ್ಸ್ ಕಂಪನಿಯ ಲೆನ್ನಿ ವಾರೊಂಕರ್ ಕೈಗೆ ಹೋಗಿ, 1998ರಲ್ಲಿ ಮೊದಲ ಆಲ್ಬಂ ಬಂತು.

ಇಲ್ಲಿ ಒಂದು ನಿಮಿಷ ನಿಲ್ಲಬೇಕು. ರೂಫಸ್ ಹದಿಹರೆಯದಲ್ಲೇ ತಾನು ಗೇ ಅಂತ ಹೇಳಿಕೊಂಡವನು. ಏಡ್ಸ್ ಭಯ ಎಲ್ಲ ಕಡೆ ಹಬ್ಬಿದ್ದ ಕಾಲ ಅದು. ಮೊದಲ ಆಲ್ಬಂ ಬಂದಾಗ ಅವನು ಏನನ್ನೂ ಮುಚ್ಚಿಡಲಿಲ್ಲ. ಡ್ಯಾನಿ ಎಂಬ ಹುಡುಗನ ಮೇಲಿನ ಪ್ರೀತಿಯನ್ನು ಅವನ ಹೆಸರು ಹಿಡಿದೇ ಹಾಡಿದ. ಜಾರ್ಜ್ ಮೈಕೆಲ್‌ನಂಥ ದೊಡ್ಡ ತಾರೆ ತಾನು ಗೇ ಅಂತ ಬಹಿರಂಗವಾಗಿ ಹೇಳಿದ್ದು ಅದೇ 1998ರಲ್ಲಿ, ಅದೂ ಪೊಲೀಸರು ಹಿಡಿದ ಮೇಲೆ. ಅಂಥ ಹೊತ್ತಿನಲ್ಲಿ ಒಬ್ಬ ಹೊಸ ಹುಡುಗ, ದೊಡ್ಡ ಕಂಪನಿಯ ದುಡ್ಡಿನಲ್ಲಿ, ಮೊದಲ ದಿನದಿಂದಲೇ ಹೀಗೆ ಬಂದದ್ದು ಸಣ್ಣ ಮಾತಲ್ಲ. ರೋಲಿಂಗ್ ಸ್ಟೋನ್ ಪತ್ರಿಕೆ ಅವನನ್ನು ಆ ವರ್ಷದ ಅತ್ಯುತ್ತಮ ಹೊಸ ಕಲಾವಿದ ಅಂತ ಕರೆಯಿತು.

2001ರ ‘ಪೋಸಸ್’ ಆಲ್ಬಂನ ಹಾಡುಗಳನ್ನು ನ್ಯೂಯಾರ್ಕಿನ ಚೆಲ್ಸಿ ಹೋಟೆಲ್‌ನಲ್ಲಿ ಇದ್ದುಕೊಂಡು ಬರೆದ. ಒಳ್ಳೆಯ ಆಲ್ಬಂ. ಆದರೆ ಅಷ್ಟರಲ್ಲಿ ಕ್ರಿಸ್ಟಲ್ ಮೆತ್ ಎಂಬ ಮಾದಕ ವಸ್ತುವಿನ ಚಟ ಅವನನ್ನು ನುಂಗುತ್ತಿತ್ತು. 2002ರಲ್ಲಿ ಒಂದು ಹಂತದಲ್ಲಿ ಕಣ್ಣೇ ಕಾಣದಂತಾಯಿತು. ಬ್ರಿಟನ್ನಿನ ಪಾಪ್ ತಾರೆ ಎಲ್ಟನ್ ಜಾನ್ ಅವರ ಮಾತು ಕೇಳಿ ಮಿನೆಸೋಟಾದ ಹೇಝಲ್ಡನ್ ಚಿಕಿತ್ಸಾ ಕೇಂದ್ರಕ್ಕೆ ಸೇರಿದ. ಅಲ್ಲಿಂದ ಹೊರಬಂದವನು ಮಾಡಿದ ಕೆಲಸವೇ ಈ ಎರಡು ಆಲ್ಬಂ.

‘ವಾಂಟ್ ಒನ್’ನಲ್ಲಿ 14 ಹಾಡುಗಳಿವೆ. ಶುರುವಾಗುವುದು ‘ಓ ವಾಟ್ ಎ ವರ್ಲ್ಡ್’ನಿಂದ. ಗಂಡು ದನಿಗಳ ಗುನುಗು, ಕೆಳಗೆ ದಪ್ಪ ದನಿಯ ಟ್ಯೂಬಾ. ಆಮೇಲೆ ಒಂದೊಂದೇ ವಾದ್ಯ ಸೇರುತ್ತಾ ಸೇರುತ್ತಾ, ನೋಡನೋಡುತ್ತಿದ್ದಂತೆ ಫ್ರೆಂಚ್ ಸಂಗೀತಕಾರ ರಾವೆಲ್‌ನ ಆರ್ಕೆಸ್ಟ್ರಾ ಕೃತಿ ‘ಬೊಲೆರೊ’ ಹಾಡಿನೊಳಗೇ ನುಗ್ಗಿಬಿಡುತ್ತದೆ. ಪಾಪ್ ಹಾಡಿನಲ್ಲಿ ಬೇರೆ ಸಂಗೀತದ ತುಣುಕು ಸೇರಿಸುವುದು ಹಲವು ಸಲ ಸುಮ್ನೆ ಜಂಭಕ್ಕೆ ಆಗುತ್ತದೆ. ಇಲ್ಲಿ ಹಾಗಿಲ್ಲ. ಸಾವಿನ ಹತ್ತಿರ ಹೋಗಿ ಬಂದವನು ಬೀದಿಗೆ ಇಳಿದು ಜಗತ್ತನ್ನು ಮತ್ತೆ ನೋಡಿದಾಗ ಆಗುವ ಬೆರಗಿಗೆ ಇಷ್ಟು ದೊಡ್ಡ ಸದ್ದು ಬೇಕೇ ಬೇಕಿತ್ತು ಅನಿಸುತ್ತದೆ.

ಆಲ್ಬಂನ ಎದೆ ಇರುವುದು ‘ಗೋ ಆರ್ ಗೋ ಅಹೆಡ್’ ಹಾಡಿನಲ್ಲಿ. ಆರು ನಿಮಿಷ ದಾಟುತ್ತದೆ. ಮೆಲ್ಲಗೆ ಗಿಟಾರ್ ಜೊತೆ ಶುರುವಾಗಿ, ಮಾತಾಡಿದಂತೆ ಹಾಡುತ್ತಾ ಹೋಗಿ, ಒಂದು ಕಡೆ ಇದ್ದಕ್ಕಿದ್ದಂತೆ ದನಿಗಳ ಗೋಡೆಯೇ ಎದ್ದು ನಿಲ್ಲುತ್ತದೆ. ಚಟದ ದಿನಗಳ ಹಾಡು ಇದು. ಇದನ್ನು ಹೆಡ್‌ಫೋನ್ ಹಾಕಿಕೊಂಡು, ರಾತ್ರಿ, ಬೇರೇನೂ ಮಾಡದೆ ಕೇಳಿ. ಫೋನಿನ ಸ್ಪೀಕರ್‌ನಲ್ಲಿ ಕೇಳಿದರೆ ಆ ಗೋಡೆ ಬರೀ ಗದ್ದಲ ಆಗುತ್ತದೆ, ಹಾಡು ನಿಮ್ಮ ಕೈಗೆ ಸಿಗುವುದೇ ಇಲ್ಲ.

ಅದರ ಪಕ್ಕದಲ್ಲೇ ‘ವೈಬ್ರೇಟ್’ ಎಂಬ ಪುಟ್ಟ ಹಾಡು. ಫೋನನ್ನು ವೈಬ್ರೇಟ್‌ನಲ್ಲಿಟ್ಟು ಒಬ್ಬನ ಕರೆಗಾಗಿ ಕಾಯುವುದು, ಅಷ್ಟೇ ವಿಷಯ. ಆದರೆ ಕೊನೆಗೆ ಒಂದೇ ಸ್ವರವನ್ನು ಅವನು ಹಿಡಿದು ನಿಲ್ಲಿಸುವ ರೀತಿ ಇದೆಯಲ್ಲ, ಆ ಕಾಯುವಿಕೆಯ ಉದ್ದ ಮೈಗೆ ತಾಗುತ್ತದೆ. ‘ಫೋರ್ಟೀಂತ್ ಸ್ಟ್ರೀಟ್’ ಇದಕ್ಕೆ ಪೂರಾ ವಿರುದ್ಧ, ಎದೆ ಒಡೆದುಕೊಂಡವನು ಮೆರವಣಿಗೆಯಲ್ಲಿ ಮನೆಗೆ ಬಂದ ಹಾಗೆ ತುತ್ತೂರಿ, ಡ್ರಮ್, ಎಲ್ಲ. ಕೊನೆಯಲ್ಲಿ ಕೇಳಿಸುವ ಬ್ಯಾಂಜೊ ಅಮ್ಮ ಕೇಟ್ ಅವರದು. ಅಷ್ಟೆಲ್ಲ ವೈಭವದ ನಡುವೆ ಮನೆಯ ಸದ್ದು ಅದೊಂದೇ, ಅದು ಬಂದಾಗ ನನಗೆ ಪ್ರತಿ ಸಲ ಖುಷಿಯಾಗುತ್ತದೆ.

ಮತ್ತೆ ‘ಡಿನ್ನರ್ ಆಟ್ ಏಟ್’. ಆಲ್ಬಂನ ಕೊನೆಯ ಹಾಡು, ಅಪ್ಪನ ಮೇಲೆ ಬರೆದದ್ದು. ಒಂದು ಪತ್ರಿಕೆಗೆ ಅಪ್ಪ ಮಗ ಇಬ್ಬರೂ ಜೊತೆಯಾಗಿ ಫೋಟೊ ತೆಗೆಸಿಕೊಂಡ ದಿನ ಊಟದ ಮೇಜಿನಲ್ಲಿ ಹತ್ತಿಕೊಂಡ ಜಗಳದಿಂದ ಹುಟ್ಟಿದ ಹಾಡು. ಅಪ್ಪನೆಂಬ ದೈತ್ಯನನ್ನು ಒಂದು ಸಣ್ಣ ಕಲ್ಲಿನಿಂದ ಕೆಡವುತ್ತೇನೆ ಅಂತ ಮಗ ಬೈಬಲ್ಲಿನ ದಾವೀದನ ಹಾಗೆ ಸವಾಲು ಹಾಕುತ್ತಾನೆ, ಆದರೆ ಪಿಯಾನೊ ಮತ್ತು ತಂತಿವಾದ್ಯಗಳು ಅಷ್ಟು ಮೃದುವಾಗಿ ನಡೆಯುತ್ತವೆ ಎಂದರೆ ಸಿಟ್ಟಿನ ಕೆಳಗೆ ಇರುವುದು ಏನು ಅಂತ ಕೇಳುವವರಿಗೆ ತಕ್ಷಣ ಗೊತ್ತಾಗುತ್ತದೆ. ಇದೇ ಲೌಡನ್ ಅವರು 1975ರಲ್ಲಿ, ರೂಫಸ್ ಹಾಲು ಕುಡಿಯುವ ಕೂಸಾಗಿದ್ದಾಗ, ಅವನ ಮೇಲೊಂದು ತಮಾಷೆಯ ಹಾಡು ಬರೆದಿದ್ದರು. ಈ ಮನೆಯಲ್ಲಿ ಜಗಳವೂ ಮುದ್ದೂ ಹಾಡಿನಲ್ಲೇ ಆಗುತ್ತದೆ. ಅಪ್ಪನ ಹಾಡು ಗಿಟಾರ್ ಹಿಡಿದು ಕಥೆ ಹೇಳುವಂಥದ್ದು, ಮಗನದು ಪರದೆ ಸರಿಸಿ ವೇದಿಕೆಗೆ ಬರುವಂಥದ್ದು. ಆದರೆ ನಾಚಿಕೆ ಬಿಟ್ಟು ನಿಜ ಹೇಳುವ ಚಾಳಿ ಇಬ್ಬರಿಗೂ ಒಂದೇ.

ಎಲ್ಲ 14 ಹಾಡುಗಳೂ ಈ ಮಟ್ಟದಲ್ಲಿವೆ ಅಂತ ಹೇಳಲಾರೆ. ‘ನತಾಶಾ’, ‘ಹಾರ್ವೆಸ್ಟರ್ ಆಫ್ ಹಾರ್ಟ್ಸ್’ ಬರುವ ಹೊತ್ತಿಗೆ ಆಲ್ಬಂ ಸ್ವಲ್ಪ ಕುಗ್ಗುತ್ತದೆ. ಇನ್ನೊಂದು ದೊಡ್ಡ ತೊಂದರೆ ದನಿಯದೇ. ಮೂಗಿನಿಂದ ಬರುವ, ಎಳೆದೆಳೆದು ಜಾರುವ ದನಿ, ಪದಗಳ ಕೊನೆ ನುಂಗಿಹೋಗುತ್ತದೆ. ನಮ್ಮಲ್ಲಿ ಗಮಕ, ಮೀಂಡ್ ಕೇಳಿ ರೂಢಿ ಇರುವವರಿಗೆ ಆ ಜಾರುವಿಕೆ ಬೇಗ ಹಿಡಿಸಬಹುದು. ಉಳಿದವರು ಮೊದಲ ಸಲ ಸಾಹಿತ್ಯ ಮುಂದಿಟ್ಟುಕೊಂಡೇ ಕೇಳಿ. ಸಾಹಿತ್ಯ ಬಿಟ್ಟರೆ ಇವನಲ್ಲಿ ಅರ್ಧ ಹೋಯಿತು.

‘ವಾಂಟ್ ಟು’ ಬೇರೆ ಬಣ್ಣದ್ದು. ಒಂದರ ಹೊದಿಕೆಯಲ್ಲಿ ರೂಫಸ್ ಕವಚ ತೊಟ್ಟ ಯೋಧ, ಎರಡರಲ್ಲಿ ಹಳೆಯ ವರ್ಣಚಿತ್ರದಿಂದ ಎದ್ದುಬಂದಂಥ ಹೆಣ್ಣು. ಶುರುವಿನ ಹಾಡೇ ಲ್ಯಾಟಿನ್ ಪ್ರಾರ್ಥನೆ, ‘ಆಗ್ನುಸ್ ದೇಯಿ’. ತಂತಿವಾದ್ಯಗಳು ಅರಬ್ ಕಡೆಯ ಸ್ವರದಲ್ಲಿ ನರಳುತ್ತಾ ಶಾಂತಿ ಕೊಡು ಎಂದು ಕೇಳುತ್ತವೆ. ಇರಾಕ್ ಯುದ್ಧ ನಡೆಯುತ್ತಿದ್ದ ವರ್ಷ. ಈ ಆಲ್ಬಂ ಬರುವುದಕ್ಕೆ ಬರೀ ಎರಡು ವಾರ ಮುಂಚೆ ಅಮೆರಿಕದ ಚುನಾವಣೆ ಆಗಿತ್ತು, ಅದೇ ದಿನ 11 ರಾಜ್ಯಗಳ ಮತದಾರರು ಸಲಿಂಗ ವಿವಾಹ ಬೇಡ ಅಂತ ತೀರ್ಪು ಕೊಟ್ಟಿದ್ದರು. ಅಂಥ ವಾರಗಳಲ್ಲಿ ‘ಗೇ ಮೆಸಾಯ’ ಎಂಬ ಹಾಡು ಅಂಗಡಿಗೆ ಬಂತು. ಚರ್ಚಿನ ಹಾಡಿನ ಗಾಂಭೀರ್ಯದಲ್ಲಿ, ಗೇ ಜನರಿಗೊಬ್ಬ ಉದ್ಧಾರಕ ಬರುತ್ತಾನೆ, ಬೈಬಲ್ಲಿನಲ್ಲಿ ಯೇಸುವಿಗೆ ದಾರಿ ಸಿದ್ಧ ಮಾಡಿದ ಸ್ನಾನಿಕ ಯೋಹಾನನ ಹಾಗೆ ಅವನಿಗೆ ದಾರಿ ಸಿದ್ಧ ಮಾಡುವ ಸ್ನಾನಿಕ ನಾನು ಎಂದು ರೂಫಸ್ ಹಾಡುತ್ತಾನೆ. ಒಳಗೆ ಪೋಲಿತನ ಬೇಕಾದಷ್ಟಿದೆ. ಆದರೆ ಹಾಡು ಮುಗಿಯುವಾಗ ಹೆದರಿಕೆಯೂ ಉಳಿಯುತ್ತದೆ, ಯಾಕೆಂದರೆ ಬೈಬಲ್ಲಿನಲ್ಲಿ ಆ ಸ್ನಾನಿಕನ ತಲೆಯನ್ನೇ ರಾಜ ಕಡಿಸುತ್ತಾನೆ.

ಇಡೀ ಜೋಡಿಯಲ್ಲಿ ನನ್ನ ಅತಿ ಮೆಚ್ಚಿನ ಹಾಡು ‘ದಿ ಆರ್ಟ್ ಟೀಚರ್’. ಪಿಯಾನೊ, ಫ್ರೆಂಚ್ ಹಾರ್ನ್, ಒಂದು ದನಿ, ಅಷ್ಟೇ. ಹೇಳುವವಳು ಒಬ್ಬ ಶ್ರೀಮಂತನ ಹೆಂಡತಿ. ಶಾಲೆಯಲ್ಲಿದ್ದಾಗ ಮೆಟ್ರೊಪಾಲಿಟನ್ ಮ್ಯೂಸಿಯಂಗೆ ಕರೆದುಕೊಂಡು ಹೋದ ಚಿತ್ರಕಲೆಯ ಮೇಷ್ಟ್ರ ಮೇಲೆ ಅವಳಿಗೆ ಮನಸ್ಸಾಗಿತ್ತು. ಆ ಮೇಷ್ಟ್ರಿಗೆ ಇಂಗ್ಲಿಷ್ ಚಿತ್ರಕಾರ ಟರ್ನರ್‌ನ ಚಿತ್ರಗಳು ಇಷ್ಟ. ಈಗ ಅವಳ ಬಳಿ ಟರ್ನರ್ ಚಿತ್ರವೇ ಇದೆ, ಆದರೆ ಆಮೇಲೆ ಯಾರನ್ನೂ ಹಾಗೆ ಪ್ರೀತಿಸಲು ಅವಳಿಗೆ ಆಗಲಿಲ್ಲ. ಗಂಡಸೊಬ್ಬನನ್ನು ಹೇಳಲಾಗದೆ ಪ್ರೀತಿಸಿದ್ದು ಏನು ಅಂತ ಗೊತ್ತಿರುವ ಗಂಡಸು ಮಾತ್ರ ಆ ಹೆಣ್ಣಿನ ದನಿಯಲ್ಲಿ ಇಷ್ಟು ಸಲೀಸಾಗಿ ಹಾಡಬಲ್ಲ ಅಂತ ನನಗೆ ಅನಿಸುತ್ತದೆ. ‘ಮೆಂಫಿಸ್ ಸ್ಕೈಲೈನ್’ ಕೂಡ ಬಿಡಬೇಡಿ, 1997ರಲ್ಲಿ ಮೆಂಫಿಸ್‌ನಲ್ಲಿ ನೀರಿನಲ್ಲಿ ಮುಳುಗಿ ಸತ್ತ ಹಾಡುಗಾರ ಜೆಫ್ ಬಕ್ಲಿಗೆ ಬರೆದದ್ದು. ಬದುಕಿದ್ದಾಗ ಅವನ ಮೇಲಿದ್ದ ಹೊಟ್ಟೆಕಿಚ್ಚನ್ನೂ ಅದರಲ್ಲಿ ಒಪ್ಪಿಕೊಳ್ಳುತ್ತಾನೆ. ಕೊನೆಯ ಹಾಡು ಮಾತ್ರ ಒಂಬತ್ತು ನಿಮಿಷ ಎಳೆಯುತ್ತದೆ. ಇಂದು ಅನೋನಿ ಎಂಬ ಹೆಸರಿನಲ್ಲಿ ಹಾಡುವ ಕಲಾವಿದೆಯ ದನಿ ಇದ್ದರೂ ಅದು ನನಗೆ ಜಾಸ್ತಿಯೇ ಆಯಿತು.

ಕೊಳ್ಳುವವರಿಗೆ ಒಂದು ಮಾತು. ಹಳೆಯ ‘ವಾಂಟ್ ಟು’ ಸಿಡಿ ಸಿಕ್ಕರೆ ಅದನ್ನೇ ತೆಗೆದುಕೊಳ್ಳಿ. ಅದರ ಜೊತೆ ಸ್ಯಾನ್ ಫ್ರಾನ್ಸಿಸ್ಕೊದ ಫಿಲ್‌ಮೋರ್ ಸಭಾಂಗಣದ ಕಾರ್ಯಕ್ರಮದ ಡಿವಿಡಿ ಬಂದಿತ್ತು. ವೇದಿಕೆಯ ಮೇಲೆ ಅವನನ್ನು ನೋಡಿದರೆ ಈ ಹಾಡುಗಳು ಇನ್ನೂ ಚೆನ್ನಾಗಿ ಹತ್ತಿರ ಬರುತ್ತವೆ.

ಇವೆರಡು ಹಿಡಿಸಿದರೆ ಮುಂದೆ ಏನು? 2007ರ ‘ರಿಲೀಸ್ ದಿ ಸ್ಟಾರ್ಸ್’ ಸದ್ದಿನಲ್ಲಿ ಇನ್ನೂ ದೊಡ್ಡದು, ಆದರೆ ಅಲ್ಲಿ ವೈಭವ ಹಲವು ಸಲ ಹಾಡನ್ನೇ ಮುಚ್ಚುತ್ತದೆ. ‘ಗೋಯಿಂಗ್ ಟು ಎ ಟೌನ್’ ಒಂದನ್ನಂತೂ ಕೇಳಲೇಬೇಕು, ತನ್ನ ದೇಶದಿಂದ ದಣಿದವನ ಹಾಡು. 2006ರ ಜೂನ್‌ನಲ್ಲಿ ಅವನು ನ್ಯೂಯಾರ್ಕಿನ ಕಾರ್ನೆಗಿ ಹಾಲ್‌ನಲ್ಲಿ, ಹಾಲಿವುಡ್ ನಟಿ, ಹಾಡುಗಾರ್ತಿ ಜೂಡಿ ಗಾರ್ಲೆಂಡ್ ಅಲ್ಲೇ 1961ರಲ್ಲಿ ಹಾಡಿದ ಇಡೀ ಕಾರ್ಯಕ್ರಮವನ್ನು ಹಾಡಿಗೆ ಹಾಡು ಮತ್ತೆ ಹಾಡಿದ. ಜೂಡಿ ಅಮೆರಿಕದ ಗೇ ಜನರಿಗೆ ಎಷ್ಟು ಬೇಕಾದವರು ಅಂತ ಗೊತ್ತಿದ್ದರೆ ಅದರ ಬೆಲೆ ತಿಳಿಯುತ್ತದೆ. ಒಪೆರಾ ಕಡೆಗೂ ಹೋದ. ‘ಪ್ರಿಮಾ ಡೊನಾ’ವನ್ನು ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಒಪೆರಾಗೆ ಮಾಡಬೇಕಿತ್ತು. ಫ್ರೆಂಚ್‌ನಲ್ಲೇ ಇರಬೇಕು ಅಂತ ಇವನು ಹಟ ಹಿಡಿದ, ಅವರು ಒಪ್ಪಲಿಲ್ಲ, ಕೊನೆಗೆ 2009ರಲ್ಲಿ ಮ್ಯಾಂಚೆಸ್ಟರ್‌ನಲ್ಲಿ ಆಯಿತು. 2018ರಲ್ಲಿ ಟೊರೊಂಟೊದಲ್ಲಿ ಬಂದ ಎರಡನೇ ಒಪೆರಾ ‘ಹೇಡ್ರಿಯನ್’ ರೋಮನ್ ಚಕ್ರವರ್ತಿ ಮತ್ತು ಅವನ ಪ್ರಿಯಕರ ಆಂಟಿನೋಸ್ ಕಥೆ. ಸಾವಿರಾರು ವರ್ಷದ ಹಿಂದಿನ ಗಂಡು ಜೋಡಿಯನ್ನು ಒಪೆರಾದ ನಡುಮಧ್ಯಕ್ಕೆ ತಂದು ನಿಲ್ಲಿಸಿದ್ದು ನನಗೆ ಅವನ ಮೊದಲ ಆಲ್ಬಂನ ಧೈರ್ಯದ್ದೇ ಮುಂದುವರಿಕೆಯಾಗಿ ಕಾಣುತ್ತದೆ.

ಅಮ್ಮ ಕೇಟ್ 2010ರ ಜನವರಿಯಲ್ಲಿ ಕ್ಯಾನ್ಸರ್‌ನಿಂದ ತೀರಿಕೊಂಡರು. ಅದೇ ವರ್ಷ ಬಂದ ಆಲ್ಬಂನಲ್ಲಿ ಆರ್ಕೆಸ್ಟ್ರಾ ಇಲ್ಲವೇ ಇಲ್ಲ, ಪಿಯಾನೊ ಮತ್ತು ದನಿ ಮಾತ್ರ. ಭಾರವಾದ ಆಲ್ಬಂ, ಮನಸ್ಸು ಗಟ್ಟಿ ಇರುವ ದಿನ ಕೇಳಿ. 2011ರಲ್ಲಿ ಮಗಳು ವೀವಾ ಹುಟ್ಟಿದಳು, ಅವಳ ತಾಯಿ ಲೋರ್ಕಾ ಕೋಹೆನ್, ಅಂದರೆ ‘ಹಾಲೆಲೂಯಾ’ ಬರೆದ ಲಿಯೊನಾರ್ಡ್ ಕೋಹೆನ್ ಮಗಳು. 2012ರಲ್ಲಿ ಯೋರ್ನ್ ವೈಸ್‌ಬ್ರೊಟ್ ಎಂಬಾತನ ಜೊತೆ ಮದುವೆಯಾದ.

ನನ್ನ ಸಲಹೆ ಇಷ್ಟು: ‘ವಾಂಟ್’ ಎರಡೂ ಆದ ಮೇಲೆ ನೇರವಾಗಿ 2020ರ ‘ಅನ್‌ಫಾಲೊ ದಿ ರೂಲ್ಸ್’ಗೆ ಹೋಗಿ, ಅದರಲ್ಲೂ ಮೊದಲು ‘ಪೀಸ್‌ಫುಲ್ ಆಫ್ಟರ್‌ನೂನ್’ ಹಾಕಿ. ಗಂಡ ಗಂಡ ಸೇರಿ ನಡೆಸುವ ಸಂಸಾರ, ಅದರ ಜಗಳ, ಹಳೆಯದಾದ ಪ್ರೀತಿ, ಸಾಯುವಾಗ ಯಾರ ಮುಖ ಎದುರಿಗಿರಬೇಕು ಎಂಬ ಆಸೆ, ಇಷ್ಟನ್ನೂ ಸಲೀಸಾಗಿ ಹಾಡುತ್ತಾನೆ. ‘ವೈಬ್ರೇಟ್’ನಲ್ಲಿ ಫೋನು ಹಿಡಿದು ಕಾದವನೇ ಇವನು ಅಂತ ಗೊತ್ತಿದ್ದು ಕೇಳಿದರೆ ಈ ಹಾಡು ಎರಡು ಪಟ್ಟು ಒಳಗೆ ಹೋಗುತ್ತದೆ. ಅದಕ್ಕೇ ಮೊದಲು ‘ವಾಂಟ್’ ಕೇಳಿ ಅಂದದ್ದು.